ಬೆಂಗೇರಿಯ ಧ್ವಜ ಘಟಕದಲ್ಲಿ ಕ್ಯಾಮೆರಾ

ರಾಷ್ಟ್ರೀಯತೆಯನ್ನು ಕುರಿತು ಸಾಕ್ಷ್ಯಚಿತ್ರ ಮಾಡಲು ಹೊರಟಾಗ, ಯಾರನ್ನೂ ‘ದೇಶವೆಂದರೆ ನಿಮಗೇನು?’ ಎಂದು ಕೇಳಬಾರದೆಂಬ ನಿಯಮವನ್ನು ನಾನು ಹಾಕಿಕೊಂಡೆ. ಆ ಪ್ರಶ್ನೆ ಕಿವಿಗೆ ಬಿದ್ದೊಡನೆ ಎಂಥವರೂ ಆಗಸ್ಟ್ 15ರ ಭಾಷಣದ ಧಾಟಿಗೆ ಹೊರಳುತ್ತಾರೆ. ಆದ್ದರಿಂದ ಕೆಲಸದ ಬಗ್ಗೆ ಮಾತ್ರ ಕೇಳುತ್ತ ಹೋದೆ.

ಚಿತ್ರೀಕರಣಕ್ಕೆ ಆರಿಸಿಕೊಂಡದ್ದು ಹುಬ್ಬಳ್ಳಿಯ ಬೆಂಗೇರಿಯಲ್ಲಿರುವ ಕರ್ನಾಟಕ ಖಾದಿ ಗ್ರಾಮೋದ್ಯೋಗ ಸಂಯುಕ್ತ ಸಂಘದ ಧ್ವಜ ಘಟಕವನ್ನು. ಬಾಗಲಕೋಟೆ ಜಿಲ್ಲೆಯ ತುಳಸಿಗೇರಿಯಲ್ಲಿ ನೇಯ್ದ ಖಾದಿ ಇಲ್ಲಿ ಬಣ್ಣ ಕಂಡು, ಬಿಳಿ ಪಟ್ಟಿಯ ಎರಡೂ ಬದಿಗೆ 24 ಅರಗಳ ಚಕ್ರ ಕೂದಲೆಳೆಯಷ್ಟೂ ಆಚೀಚೆಯಾಗದಂತೆ ಅಚ್ಚಾಗಿ, ಭಾರತೀಯ ಮಾನಕ ಬ್ಯೂರೋ (ಬಿಐಎಸ್) ನಿಗದಿಪಡಿಸಿದ ಅಳತೆಗಳಲ್ಲಿ ಹೊಲಿಗೆಯಾಗುತ್ತದೆ. ಕೆಲಸಗಾರರಲ್ಲಿ ಹೆಚ್ಚಿನವರು ಮಹಿಳೆಯರು. ಹೊಲಿಗೆ ಯಂತ್ರಗಳ ಸದ್ದಿನಲ್ಲಿ ಸಂದರ್ಶನ ಕೇಳಿಸುವುದಿಲ್ಲವಾದ್ದರಿಂದ, ಕೈಗಳ ದೃಶ್ಯವನ್ನು ಒಳಗೆ ತೆಗೆದು, ಮಾತನ್ನು ಊಟದ ಬಿಡುವಿನಲ್ಲಿ ಕ್ಯಾಮೆರಾ ಇಲ್ಲದೆ ಧ್ವನಿಮುದ್ರಿಸಿಕೊಂಡೆ. ಮುಖ ಕಾಣಿಸುವ ಭಯವಿಲ್ಲದಿದ್ದಾಗ ಕೂಲಿಯ ಲೆಕ್ಕ ತಾನಾಗಿಯೇ ಬಾಯಿಗೆ ಬರುತ್ತದೆ.

ಆ ಲೆಕ್ಕದೊಳಗೇ ನನ್ನ ವಿಷಯವಿತ್ತು. 2021ರ ಡಿಸೆಂಬರ್ 30ರಂದು ಧ್ವಜ ಸಂಹಿತೆಗೆ ತಿದ್ದುಪಡಿಯಾಗಿ, ಯಂತ್ರದಲ್ಲಿ ತಯಾರಿಸಿದ ಮತ್ತು ಪಾಲಿಯೆಸ್ಟರ್ ಬಟ್ಟೆಯ ಧ್ವಜಗಳಿಗೂ ಅನುಮತಿ ದೊರೆಯಿತು. ಮರುವರ್ಷದ ಆಗಸ್ಟಿನಲ್ಲಿ ‘ಹರ್ ಘರ್ ತಿರಂಗಾ’ ಅಭಿಯಾನ ನಡೆಯಿತು. ದೇಶದ ಮನೆಮನೆಯಲ್ಲೂ ಬಾವುಟ ಹಾರಲೆಂಬ ಹೆಮ್ಮೆಯೂ, ಅಗ್ಗದ ಬಾವುಟಗಳೆದುರು ಕೈನೂಲಿನ ಕೆಲಸ ಉಳಿದೀತೇ ಎಂಬ ಚಿಂತೆಯೂ ಒಬ್ಬರದೇ ಮಾತಿನಲ್ಲಿ ಬೆರೆತು ಬರುವಾಗ, ಸಂಕಲನದಲ್ಲಿ ಅವೆರಡನ್ನು ಬೇರ್ಪಡಿಸಿ ಒಂದನ್ನು ಪರ, ಇನ್ನೊಂದನ್ನು ವಿರೋಧ ಎಂದು ತೋರಿಸುವುದು ಸುಲಭ. (ವಾಹಿನಿಗಳು ಬಯಸುವುದೂ ಅದನ್ನೇ.) ನಾನು ಅಂಥ ಮಾತುಗಳನ್ನು ಕತ್ತರಿಸದೆ ಉದ್ದಕ್ಕೇ ಉಳಿಸಿಕೊಂಡೆ.

ಕಷ್ಟವೆನಿಸಿದ್ದು ಈದ್ಗಾ ಮೈದಾನದ ಭಾಗ. ಇದೇ ಊರಿನಲ್ಲಿ ಆ ಮೈದಾನದಲ್ಲಿ ಧ್ವಜ ಹಾರಿಸುವ ವಿವಾದವು 1994ರ ಆಗಸ್ಟ್ 15ರಂದು ಗೋಲಿಬಾರಿಗೆ ತಿರುಗಿ ಜೀವಹಾನಿಯಾಗಿತ್ತು. ಹುಬ್ಬಳ್ಳಿಯ ಬಾವುಟದ ಚಿತ್ರದಲ್ಲಿ ಅದನ್ನು ಬಿಡುವುದು ಅಪ್ರಾಮಾಣಿಕ; ಹಳೆಯ ಗಲಭೆಯ ದೃಶ್ಯಗಳನ್ನು ತುರುಕಿದರೆ ನೋಡುಗರು ತಮ್ಮ ತಮ್ಮ ಪಕ್ಷ ಹಿಡಿದು ಕೂರುತ್ತಾರೆ. ಹಾಗಾಗಿ ಮೈದಾನದ ಪಕ್ಕದ ಚೆನ್ನಮ್ಮ ವೃತ್ತದ ಮಾಮೂಲು ದಿನವೊಂದರ ಸಂಚಾರವನ್ನು ಚಿತ್ರೀಕರಿಸಿ, ಅದರ ಮೇಲೆ ಸುತ್ತಲಿನ ಎರಡೂ ಸಮುದಾಯಗಳ ಅಂಗಡಿಯವರ ನೆನಪುಗಳನ್ನು ಹೆಸರಿಲ್ಲದೆ ಜೋಡಿಸಿದೆ. ನಿರೂಪಕರ ಧ್ವನಿಯನ್ನು ಪೂರ್ತಿ ತೆಗೆದುಹಾಕಿ, 1994 ಮತ್ತು 2021ರ ಸಂಗತಿಗಳನ್ನು ಮಾತ್ರ ತೆರೆಯ ಮೇಲಿನ ಬರಹವಾಗಿ ಇಟ್ಟುಕೊಂಡೆ. ಈದ್ಗಾದ ಭಾಗವನ್ನು ಹೊಲಿಗೆಯ ದೃಶ್ಯಗಳ ನಡುವೆಯೇ ಸೇರಿಸಿದ್ದೇನೆ, ಏಕೆಂದರೆ ಕೊನೆಯಲ್ಲಿಟ್ಟರೆ ಅದೇ ಚಿತ್ರದ ತೀರ್ಪೆಂದು ಓದಿಕೊಳ್ಳುವ ಸಾಧ್ಯತೆಯಿತ್ತು.