ಶೇಕಡಾವಾರು ಲೆಕ್ಕಗಳಲ್ಲಿ ಕನಿಷ್ಠ ಮತ್ತು ಗರಿಷ್ಠ ಕಂಡುಹಿಡಿಯುವ ಬಗೆ

ಒಂದು ಬಡಾವಣೆಯ ಶೇ. 72ರಷ್ಟು ಮನೆಗಳಲ್ಲಿ ಕಾಫಿಪುಡಿ, ಶೇ. 65ರಷ್ಟು ಮನೆಗಳಲ್ಲಿ ಚಹಾಪುಡಿ ಇದೆ ಎಂದಿಟ್ಟುಕೊಳ್ಳೋಣ. ಎರಡೂ ಇರುವ ಮನೆಗಳು ಕನಿಷ್ಠ ಎಷ್ಟು, ಗರಿಷ್ಠ ಎಷ್ಟು ಎಂಬುದು ಪ್ರಶ್ನೆ. ಒಟ್ಟು ಮನೆಗಳು 100 ಎಂದು ಭಾವಿಸಿಕೊಂಡರೆ ಲೆಕ್ಕ ಹಗುರವಾಗುತ್ತದೆ.

ಗರಿಷ್ಠವನ್ನು ಕಂಡುಹಿಡಿಯುವುದು ಸುಲಭ: ಚಿಕ್ಕ ಗುಂಪು ಪೂರ್ತಿಯಾಗಿ ದೊಡ್ಡ ಗುಂಪಿನೊಳಗೆ ಸೇರಿದಾಗ ಉತ್ತರ ಶೇ. 65 ಆಗುತ್ತದೆ.

ಹಲವರು ಎಡವುವುದು ಕನಿಷ್ಠದಲ್ಲಿ. ಇಲ್ಲಿ ಇರುವವುಗಳ ಬದಲು ಇಲ್ಲದವುಗಳನ್ನು ಎಣಿಸಬೇಕು. ಕಾಫಿಪುಡಿ ಇಲ್ಲದ ಮನೆಗಳು 28, ಚಹಾಪುಡಿ ಇಲ್ಲದ ಮನೆಗಳು 35. ಈ ಕೊರತೆಗಳು ಒಂದೇ ಮನೆಯಲ್ಲಿ ಸೇರದೆ ಬೇರೆ ಬೇರೆ ಮನೆಗಳಿಗೆ ಹಂಚಿಹೋದಾಗ 63 ಮನೆಗಳಲ್ಲಿ ಏನಾದರೂ ಒಂದು ಇರುವುದಿಲ್ಲವಾದ್ದರಿಂದ, ಎರಡೂ ಇರುವ ಮನೆಗಳು ಕನಿಷ್ಠ ಶೇ. 37. ಶೇ. 80ರಷ್ಟು ಮನೆಗಳಲ್ಲಿ ಬೆಲ್ಲವೂ ಇದೆ ಎಂದರೆ ಕೊರತೆಗೆ 20 ಸೇರಿ ಮೊತ್ತ 83 ಆಗುತ್ತದೆ, ಮೂರೂ ಇರುವ ಮನೆಗಳು ಕನಿಷ್ಠ ಶೇ. 17. ಸೂತ್ರವನ್ನು ಉರು ಹೊಡೆಯುವುದಕ್ಕಿಂತ ಈ ದಾರಿ ಮೇಲೆಂದು ನನ್ನ ಅನಿಸಿಕೆ, ಏಕೆಂದರೆ ಗುಂಪುಗಳು ನಾಲ್ಕಾದರೂ ಐದಾದರೂ ಇದು ಬದಲಾಗುವುದಿಲ್ಲ. ಕೊರತೆಗಳ ಮೊತ್ತ 100 ಅಥವಾ ಅದಕ್ಕಿಂತ ಹೆಚ್ಚಾದರೆ ಕನಿಷ್ಠ ಸೊನ್ನೆಯೇ ಹೊರತು ಋಣ ಸಂಖ್ಯೆಯಲ್ಲ.

ಪ್ರಶ್ನೆಯಲ್ಲಿ ‘ಪ್ರತಿ ಮನೆಯಲ್ಲೂ ಎರಡರಲ್ಲಿ ಒಂದಾದರೂ ಇದೆ’ ಎಂಬ ಮಾತಿದ್ದರೆ ಗರಿಷ್ಠವೂ 72 + 65 − 100, ಅಂದರೆ ಶೇ. 37ಕ್ಕೇ ಇಳಿಯುತ್ತದೆ, ಆದ್ದರಿಂದ ಅಂತಹ ಷರತ್ತು ಇದೆಯೇ ಎಂಬುದನ್ನು ಮೊದಲೇ ಓದಿಕೊಳ್ಳಬೇಕು.