ಹಳೇ ಜೋಡಿಯ ಪ್ರೀತಿಯನ್ನು ಸ್ಟಾಪ್ ಮೋಷನ್‌ನಲ್ಲಿ ತೋರಿಸುವುದು ಹೇಗೆ?

ಗೊಂಬೆಯನ್ನು ಚೂರುಚೂರೇ ಸರಿಸಿ, ಪ್ರತಿ ಸಲ ಒಂದು ಫೋಟೋ ತೆಗೆದು, ಎಲ್ಲಾ ಜೋಡಿಸಿ ವಿಡಿಯೋ ಮಾಡುವುದೇ ಸ್ಟಾಪ್ ಮೋಷನ್. ಅದರಲ್ಲಿ ಮೂವತ್ತು ವರ್ಷ ಸಂಸಾರ ಮಾಡಿದ ಗಂಡ ಹೆಂಡತಿಯ ಪ್ರೀತಿ ತೋರಿಸಬೇಕು ಅಂದರೆ ಗೊಂಬೆಯ ಮುಖದ ಬಗ್ಗೆ ಜಾಸ್ತಿ ತಲೆ ಕೆಡಿಸಿಕೊಳ್ಳಬೇಡಿ. ಕೈ ನೋಡಿ. ಯಾರ ಕೈ ಯಾವಾಗ ಏಳುತ್ತದೆ ಅನ್ನುವುದರಲ್ಲೇ ಎಲ್ಲಾ ಇದೆ.

ಕೊಪ್ಪಳದ ಕಡೆ ಗೊಂಬೆ ಅಂದಕೂಡಲೇ ಮರದ ಗೊಂಬೆಗಳ ಊರು ಕಿನ್ನಾಳ ನೆನಪಾಗುತ್ತದೆ, ಅಲ್ವಾ? ಆದರೆ ಆ ಮರದ ಗೊಂಬೆಗಳ ಕೈಕಾಲು ಮಡಚುವುದಿಲ್ಲ. ಅಲ್ಲಿನವರ ಉಪಾಯ ಮಾತ್ರ ತೆಗೆದುಕೊಳ್ಳಿ: ಮರದ ಪುಡಿಗೆ ಹುಣಸೆ ಬೀಜದ ಅಂಟು ಕಲಸಿ ತಲೆ ಮಾಡಿ. ತಲೆ ಹಗುರವಾಗಿದ್ದರೆ ಗೊಂಬೆ ಮುಗ್ಗರಿಸುವುದಿಲ್ಲ. ಮೈಗೆ ಅಲ್ಯೂಮಿನಿಯಂ ತಂತಿ ಎರಡೆಳೆ ಹೊಸೆದು ಹಾಕಿ. ಇಡೀ ಗೊಂಬೆಯನ್ನು ಎಣ್ಣೆ ಜೇಡಿಯಲ್ಲೇ (ಒಣಗದ, ಎಣ್ಣೆ ಬೆರೆತ ಜೇಡಿಮಣ್ಣು) ಮಾಡಿದರೆ ಬಳ್ಳಾರಿಯ ಏಪ್ರಿಲ್ ಬಿಸಿಲಿಗೆ ಬೆಣ್ಣೆಯಾಗುತ್ತದೆ.

ಈಗ ಸೀನ್. ಅವನು ಕಟ್ಟೆ ಮೇಲೆ, ಅವಳು ಒಳಗಿಂದ ಚಹಾ ತರುತ್ತಾಳೆ. ಮದುವೆಯಾದ ಹೊಸದರಲ್ಲಿ ಅವಳು ಬಂದು ಅರ್ಧ ಸೆಕೆಂಡ್ ಸುಮ್ನೆ ನಿಲ್ಲಬೇಕು, ಸೆಕೆಂಡಿಗೆ 12 ಫೋಟೋ ಲೆಕ್ಕದಲ್ಲಿ 6 ಫೋಟೋ. ಅವನು ತಿರುಗಿ ನೋಡಿ, ಆಮೇಲೆ ಕೈ ಚಾಚಬೇಕು. ಮೂವತ್ತು ವರ್ಷದ ನಂತರ ಅದೇ ಕಟ್ಟೆ, ಕ್ಯಾಮೆರಾನೂ ಅದೇ ಜಾಗದಲ್ಲಿ, ಆದರೆ ಅವಳು ಹೊಸ್ತಿಲು ದಾಟುವ ಮೊದಲೇ ಅವನ ಕೈ ಎದ್ದಿರುತ್ತದೆ, ಕಣ್ಣು ರಸ್ತೆ ಮೇಲೇ ಇರುತ್ತದೆ, ಚಹಾದ ಕಪ್ಪು ತಾನಾಗಿ ಬಂದು ಕೈಯಲ್ಲಿ ಕೂರುತ್ತದೆ. ನೋಡುವವರಿಗೆ ಅಷ್ಟು ಸಾಕು. ಕ್ಯಾಲೆಂಡರ್ ಹಾಳೆ ಹಾರಿಸುವುದು ಬೇಡ.

ಜಗಳದ ದಿನ ಅವಳು ಕಪ್ಪನ್ನು ಕೈಗೆ ಕೊಡದೆ ಪಕ್ಕದಲ್ಲಿ ಇಟ್ಟು ಹೋಗುತ್ತಾಳೆ. ಅವನು ಎರಡು ಸೆಕೆಂಡ್ ಮುಟ್ಟುವುದಿಲ್ಲ. ಆ 24 ಫೋಟೋಗಳಲ್ಲಿ ಏನೂ ಅಲ್ಲಾಡದಿದ್ದರೆ ವಿಡಿಯೋ ನಿಂತುಹೋದ ಹಾಗೆ ಕಾಣುತ್ತದೆ, ಅದಕ್ಕೆ ಒಂದು ಬೆರಳನ್ನಾದರೂ ಸ್ವಲ್ಪ ಸರಿಸುತ್ತಿರಿ.

ಹರೆಯದ ಕೈ ಫೋಟೋಗೆ 5 ಮಿಲಿಮೀಟರ್ ಸರಿದರೆ ಮುದಿ ಕೈ 2 ಸರಿಯಲಿ. ಶುರುವಿನಲ್ಲಿ, ಕೊನೆಯಲ್ಲಿ ಇನ್ನೂ ಕಡಿಮೆ. ನಡುಕ ಬೇಕಿದ್ದರೆ ಕಪ್ಪು ಹಿಡಿದಾಗ ಮಾತ್ರ.

ಶೂಟಿಂಗ್ ರಾತ್ರಿ ಇಟ್ಟುಕೊಳ್ಳಿ. ಕಿಟಕಿ ಬೆಳಕು ಗಳಿಗೆಗೊಮ್ಮೆ ಬದಲಾಗಿ ವಿಡಿಯೋ ಮಿಣುಕುತ್ತದೆ. ಫೋನಿನಲ್ಲಿ ಫೋಕಸ್, ಎಕ್ಸ್‌ಪೋಷರ್ (ಬೆಳಕಿನ ಪ್ರಮಾಣ), ವೈಟ್ ಬ್ಯಾಲೆನ್ಸ್ (ಬಣ್ಣದ ಹೊಂದಾಣಿಕೆ) ಮೂರನ್ನೂ ಲಾಕ್ ಮಾಡಿ. ಗೊಂಬೆಯ ಸೆರಗು ಹಾರುತ್ತದೆ, ಹಾಗಾಗಿ ಫ್ಯಾನ್ ಬಂದ್. ಹೌದು, ಬೆವರಬೇಕು. ಕರೆಂಟ್ ನಂಬಬೇಡಿ, ಮೊದಲಿಂದಲೇ ಬ್ಯಾಟರಿ ಲೈಟ್ ಬಳಸಿ.

ಕಪ್ಪು ಬಸಿಯ ಸದ್ದನ್ನು ಆಮೇಲೆ ರೆಕಾರ್ಡ್ ಮಾಡಿ ಸೇರಿಸಿ. ಪಿಟೀಲು ಮಾತ್ರ ಹಾಕಬೇಡಿ, ದಯವಿಟ್ಟು.