ಅಣ್ಣನಿಗೆ ಮೂರಡಿ, ಆರಡಿ

ಅಣ್ಣ ಟೈಲರ್ ಆಗಿದ್ದ. ಬಾಗಲಕೋಟೆಯಲ್ಲಿ ಸಣ್ಣದೊಂದು ಅಂಗಡಿ, ಎರಡು ಮಷಿನ್. 1999ರಲ್ಲಿ ಏಡ್ಸ್‌ನಿಂದ ತೀರಿಕೊಂಡ. ಕೇಳಿದವರಿಗೆಲ್ಲ ಟಿಬಿ ಅಂತಲೇ ಹೇಳಿದೆವು. ಅವನು ಹೋದ ಮೂರನೇ ದಿನ ಹಾಸಿಗೆ, ಬಟ್ಟೆ, ಹೊದೆಯುತ್ತಿದ್ದ ಕೌದಿ ಎಲ್ಲವನ್ನೂ ಹಿತ್ತಲಲ್ಲಿ ಗುಡ್ಡೆ ಹಾಕಿ ಸುಟ್ಟರು. ಆ ಕೌದಿ ಅವ್ವ ಹೊಲಿದದ್ದು. ಬಟ್ಟೆ ಮುಟ್ಟಿದರೆ ಎಚ್‌ಐವಿ ಬರುವುದಿಲ್ಲ ಅಂತ ಅಡ್ಡ ನಿಂತು ಹೇಳುವಷ್ಟು ತಿಳಿವಳಿಕೆ ಆಗ ನನಗಿರಲಿಲ್ಲ. ಅವನ ಕೊರಳಲ್ಲಿ ಸದಾ ಇರುತ್ತಿದ್ದ ಹಳದಿ ಟೇಪನ್ನು ಮಾತ್ರ ಎತ್ತಿಟ್ಟುಕೊಂಡೆ.

ಮದುವೆಯಾಗಿ ಕ್ಯಾಲಿಫೋರ್ನಿಯಾಕ್ಕೆ ಬಂದಾಗ ಟೇಪೂ ಜೊತೆಗೆ ಬಂತು. 2022ರ ಜೂನ್‌ನಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ಗೋಲ್ಡನ್ ಗೇಟ್ ಪಾರ್ಕಿಗೆ ಗೆಳತಿಯೊಬ್ಬಳು ಕರೆದುಕೊಂಡು ಹೋದಳು. ಹುಲ್ಲಿನ ಮೇಲೆ ಸುಮಾರು 3,000 ಬಟ್ಟೆಗಳು ಹಾಸಿದ್ದವು. ಒಂದೊಂದೂ ಏಡ್ಸ್‌ನಲ್ಲಿ ಹೋದವರ ಹೆಸರಿನದ್ದು. ಜೀನ್ಸ್ ತುಂಡು, ಟೈ, ಮಕ್ಕಳ ಗೊಂಬೆ, ಫೋಟೋ, ಏನೇನೋ ಹೊಲಿದಿದ್ದರು. ಕೆಲವದರ ಮೇಲೆ ಅರ್ಧ ಹೆಸರು ಮಾತ್ರ. ಮನೆಯವರು ಪೂರ್ತಿ ಹೆಸರು ಬೇಡ ಅಂದಿರುತ್ತಾರೆ, ಅಲ್ವಾ? ನನಗೆ ಅದನ್ನು ಯಾರೂ ವಿವರಿಸಬೇಕಾಗಿರಲಿಲ್ಲ.

ಇದಕ್ಕೆ ಏಡ್ಸ್ ಮೆಮೋರಿಯಲ್ ಕ್ವಿಲ್ಟ್ ಅನ್ನುತ್ತಾರೆ. ಇದು ಶುರುವಾದದ್ದೂ ಹೆಸರಿನಿಂದಲೇ. 1985ರ ನವೆಂಬರ್ 27ರಂದು ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಮೇಣದಬತ್ತಿ ಮೆರವಣಿಗೆ ಇತ್ತು. ಕ್ಲೀವ್ ಜೋನ್ಸ್ ಅನ್ನುವ ಹೋರಾಟಗಾರರು, ಏಡ್ಸ್‌ನಲ್ಲಿ ತೀರಿಕೊಂಡ ನಿಮ್ಮವರ ಹೆಸರನ್ನು ರಟ್ಟಿನ ಮೇಲೆ ಬರೆಯಿರಿ ಅಂದರು. ಜನ ಬರೆದು, ಅಲ್ಲಿನ ಫೆಡರಲ್ ಕಟ್ಟಡದ ಗೋಡೆಗೆ ಅಂಟಿಸಿದರು. ದೂರದಿಂದ ನೋಡಿದಾಗ ಜೋನ್ಸ್ ಅವರಿಗೆ ಗೋಡೆ ತುಂಡು ಬಟ್ಟೆ ಜೋಡಿಸಿದ ಕ್ವಿಲ್ಟ್‌ನಂತೆ ಕಂಡಿತು. ನಾವಾಗಿದ್ದರೆ ಕೌದಿ ಅನ್ನುತ್ತಿದ್ದೆವು. 1987ರ ಅಕ್ಟೋಬರ್ 11ರಂದು ವಾಷಿಂಗ್ಟನ್ನಿನಲ್ಲಿ ಮೊದಲ ಸಲ ಹಾಸಿದಾಗ 1,920 ಪ್ಯಾನೆಲ್‌ಗಳಿದ್ದವು. ಈಗ ಸುಮಾರು 50,000. ಒಟ್ಟು ತೂಕ 54 ಟನ್.

ಪ್ಯಾನೆಲ್ ಅಂದರೆ ಮೂರಡಿ ಅಗಲ, ಆರಡಿ ಉದ್ದದ ಬಟ್ಟೆ. ಒಬ್ಬ ಮನುಷ್ಯನನ್ನು ಹೂಳುವ ಗುಂಡಿಯ ಅಳತೆ. ಎಂಟು ಪ್ಯಾನೆಲ್ ಸೇರಿಸಿ ಹನ್ನೆರಡು ಅಡಿಯ ಚೌಕ ಮಾಡುತ್ತಾರೆ. ಯಾರು ಬೇಕಾದರೂ ಹೊಲಿದು ಕೊಡಬಹುದು. ಹೊಲಿಗೆ ಚೆನ್ನಾಗಿರಲೇಬೇಕು ಅಂತೇನಿಲ್ಲ.

ಆ ರಾತ್ರಿಯೇ ಅವ್ವನಿಗೆ ಫೋನ್ ಮಾಡಿದೆ. ಹೆಸರು ಹಾಕಲಾ ಅಂತ ಕೇಳಿದೆ. ಬಹಳ ಹೊತ್ತು ಮಾತಿಲ್ಲ. ಆಮೇಲೆ ಅಂದಳು: "ದೊಡ್ಡದಾಗಿ ಹೊಲಿ ಯವ್ವಾ. ಸಣ್ಣದು ಮಾಡಿದ್ರ ಮತ್ತ ಮುಚ್ಚಿಟ್ಟಂಗ ಆಗ್ತದ." ಬಟ್ಟೆಯ ಮೇಲೆ ಹಾಕಲು ಒಪ್ಪಿದ್ದಾಳೆ, ಬೇರೆ ಕಡೆಗಲ್ಲ. ಅದಕ್ಕೇ ಇಲ್ಲಿ ಬರೆಯುತ್ತಿಲ್ಲ.

ಬಟ್ಟೆಗೆ ಎಳೆದರೆ ಹಿಗ್ಗದ ಗಟ್ಟಿ ಕಾಟನ್ ತೆಗೆದುಕೊಂಡೆ. ಸುತ್ತ ಮಡಚಲು ಮೂರು ಮೂರು ಇಂಚು ಜಾಸ್ತಿ ಬಿಟ್ಟು 42 ಇಂಚು ಅಗಲ, 78 ಇಂಚು ಉದ್ದ. ಅಳೆದದ್ದು ಅಣ್ಣನ ಟೇಪಿನಿಂದಲೇ. ಟೈಲರ್ ಟೇಪ್ 60 ಇಂಚಿಗೆ ಮುಗಿಯುತ್ತದೆ. ಅಲ್ಲೊಂದು ಗುಂಡುಸೂಜಿ ಚುಚ್ಚಿ, ಟೇಪನ್ನು ಮುಂದೆ ಸರಿಸಿ, ಉಳಿದ 18 ಇಂಚು ಅಳೆದೆ. ಪ್ಯಾಂಟಿನ ಬಟ್ಟೆ ಅಳೆಯುವಾಗ ಅವನು ಟೇಪನ್ನು ಹೀಗೆಯೇ ಹೆಬ್ಬೆರಳಲ್ಲಿ ಒತ್ತಿ ಹಿಡಿಯುತ್ತಿದ್ದ.

ಹೆಸರಿಗೆ ಅವ್ವನ ಹಳೆ ಇಳಕಲ್ ಸೀರೆಯ ಕೆಂಪು ಸೆರಗು. ಮೊದಲ ಸಲ ಅವಸರಪಟ್ಟು ಅಕ್ಷರಗಳನ್ನು ಬಟ್ಟೆಯ ಗಮ್ ಹಾಕಿ ಅಂಟಿಸಿದೆ. ಎರಡು ಸಲ ಮಡಚಿ ಬಿಚ್ಚುವಷ್ಟರಲ್ಲಿ ಅಂಚು ಎದ್ದು ಬಂತು. ಈ ಪ್ಯಾನೆಲ್‌ಗಳನ್ನು ವರ್ಷಗಟ್ಟಲೆ ಮಡಚುತ್ತಾ ಬಿಚ್ಚುತ್ತಾ ಇರುತ್ತಾರೆ. ಗಮ್ ನಿಲ್ಲುವುದಿಲ್ಲ, ಹೊಲಿಯಲೇಬೇಕು. ಎಲ್ಲ ಕಿತ್ತು ಹೊಸದಾಗಿ ಶುರು ಮಾಡಿದೆ.

ಕನ್ನಡ ಅಕ್ಷರ ಹೊಲಿಯುವುದು ಸುಲಭವಲ್ಲ. ಇಂಗ್ಲಿಷ್ ಅಕ್ಷರದಲ್ಲಿ ನೇರ ಗೆರೆ ಜಾಸ್ತಿ, ನಮ್ಮದೆಲ್ಲ ದುಂಡು. ಪೇಪರಿನಲ್ಲಿ ಅಕ್ಷರ ಕತ್ತರಿಸಿ, ಸೆರಗಿನ ಮೇಲಿಟ್ಟು, ಕಾಲು ಇಂಚು ಬಿಟ್ಟು ಕತ್ತರಿಸಿದೆ. ಹಳೆ ರೇಷ್ಮೆ ಪಿಸಿಯುತ್ತದೆ ಅಂತ ಹಿಂದೆ ತೆಳು ಮಲ್ ಬಟ್ಟೆ ಕೊಟ್ಟೆ. ತಿರುವು ಇರುವಲ್ಲೆಲ್ಲ ಅಂಚಿಗೆ ಸಣ್ಣ ಸಣ್ಣ ಕಟ್ ಕೊಟ್ಟು ಒಳಗೆ ಮಡಚಬೇಕು, ಇಲ್ಲದಿದ್ದರೆ ಸುಕ್ಕು ಬೀಳುತ್ತದೆ. ನಮ್ಮ ಕಡೆಯ ಎಷ್ಟೋ ಹೆಸರುಗಳಂತೆ ಅವನದೂ 'ಪ್ಪ' ಅಂತ ಮುಗಿಯುತ್ತದೆ. ಆ ಒತ್ತು ಒಂದಕ್ಕೇ ಒಂದು ಇಡೀ ಸಂಜೆ ಹೋಯಿತು.

ಕೆಳಗಡೆ ಟೇಪ್ ಕೂರಿಸಿದೆ. ಅದರ ತುದಿಯ ತಗಡಿನ ಪಟ್ಟಿ ತುಕ್ಕು ಹಿಡಿದು ಬಟ್ಟೆಗೆ ಕಲೆ ಮಾಡೀತು ಅಂತ ತೆಗೆದುಬಿಟ್ಟೆ. ಟೇಪಿಗೆ ಸೂಜಿ ಚುಚ್ಚಿದರೆ ಅದು ಸೀಳುತ್ತದೆ. ಹಾಗಾಗಿ ಅರ್ಧ ಇಂಚಿಗೊಂದರಂತೆ ಟೇಪಿನ ಮೇಲಿಂದ ಅಡ್ಡ ದಾರ ಹಾಕಿ ಬಿಗಿದೆ. 30ರಿಂದ 34ರವರೆಗಿನ ಅಂಕಿಗಳು ಸವೆದುಹೋಗಿವೆ. ಬಾಗಲಕೋಟೆ ಗಂಡಸರ ಸೊಂಟದ ಅಳತೆ ಅದೇ ಇರಬೇಕು.

ಒಳಗೆ ಹತ್ತಿ ತುಂಬಬೇಕಿಲ್ಲ, ಕ್ವಿಲ್ಟ್‌ನಂತೆ ಪದರ ಹಾಕಿ ಹೊಲಿಯಬೇಕಿಲ್ಲ ಅಂತ ಸೂಚನೆಯಲ್ಲೇ ಇದೆ. ಆದರೂ ನನಗೆ ಮನಸ್ಸು ತಡೆಯಲಿಲ್ಲ. ಹಿಂದೆ ಒಂದು ಬಟ್ಟೆ ಕೊಟ್ಟು, ಅವ್ವ ಕೌದಿಗೆ ಹಾಕುವ ಹಾಗೆ ಅಂಚಿನಿಂದ ಶುರು ಮಾಡಿ ಒಳಒಳಗೆ ರನ್ನಿಂಗ್ ಸ್ಟಿಚ್ ಹಾಕುತ್ತಾ ಬಂದೆ. ದಿನಕ್ಕೆ ಎರಡು ಗಂಟೆ, ಐದು ವಾರ. ನಡುವಿಗೆ ಬಂದಾಗ ಕೈ ನಿಂತಿತು. ಕೌದಿಯ ಹೊಟ್ಟೆ ಬರಿದು ಬಿಡಬಾರದು ಅಂತ ಅವ್ವ ಕೊನೆಗೆ ನಡುವೆ ಒಂದು ಚೂರು ಹೋಳಿಗೆ ಇಟ್ಟು ಹೊಲಿಯುತ್ತಿದ್ದಳು. ತಿನ್ನುವ ಪದಾರ್ಥ ಇಟ್ಟರೆ ಹುಳ ಬಂದು ಪಕ್ಕದ ಪ್ಯಾನೆಲ್‌ಗಳೂ ಹಾಳಾಗುತ್ತವೆ. ಹಳದಿ ಬಟ್ಟೆಯನ್ನು ಹೋಳಿಗೆಯ ಹಾಗೆ ದುಂಡಗೆ ಕತ್ತರಿಸಿ ಹೊಲಿದೆ. ಮೇಲೆ ಕಂದು ದಾರದಲ್ಲಿ ಹಂಚಿನ ಸುಟ್ಟ ಚುಕ್ಕಿಗಳು.

ಪ್ಯಾನೆಲ್ ಜೊತೆ ಹೋದವರ ಬಗ್ಗೆ ಒಂದು ಕಾಗದ ಬರೆದು ಕೊಡಬೇಕು. ಹೊಲಿಗೆಗಿಂತ ಅದೇ ಕಷ್ಟವಾಯಿತು. ನಮ್ಮ ಸರ್ಕಾರ ಎಚ್‌ಐವಿಯನ್ನು ಹತೋಟಿಯಲ್ಲಿಡುವ ಎಆರ್‌ಟಿ ಮಾತ್ರೆಯನ್ನು ಉಚಿತವಾಗಿ ಕೊಡಲು ಶುರು ಮಾಡಿದ್ದು 2004ರ ಏಪ್ರಿಲ್ 1ರಂದು. ಮೊದಲ ಆರು ರಾಜ್ಯಗಳಲ್ಲಿ ಕರ್ನಾಟಕವೂ ಇತ್ತು. ಅಣ್ಣನಿಗೆ ಐದು ವರ್ಷ ಸಾಲಲಿಲ್ಲ. ಇದನ್ನು ಬರೆದೆ. ಕೌದಿ ಸುಟ್ಟದ್ದನ್ನೂ ಬರೆದೆ. ಕನ್ನಡದಲ್ಲಿ ಒಂದು ಪ್ರತಿ, ಇಂಗ್ಲಿಷಿನಲ್ಲಿ ಒಂದು.

ಕೊಟ್ಟು ಬಂದ ದಿನ ಅವ್ವನಿಗೆ ವಿಡಿಯೋ ಕಾಲ್‌ನಲ್ಲಿ ಫೋಟೋ ತೋರಿಸಿದೆ. ಹೋಳಿಗೆ ನೋಡಿ ಸೆರಗು ಬಾಯಿಗೆ ಒತ್ತಿಕೊಂಡಳು. ಆಮೇಲೆ ಕೇಳಿದಳು: "ಮಗ್ಗಲಿಗೆ ಯಾರದಾರ?" ಇನ್ನೂ ಏಳು ಜನರ ಜೊತೆ ಸೇರಿಸಿ ಹೊಲಿಯುತ್ತಾರೆ, ಯಾರು ಅಂತ ಈಗಲೇ ಗೊತ್ತಿಲ್ಲ ಅಂದೆ.

"ಗೊತ್ತಾದ ಮ್ಯಾಲ ಅವರ ಹೆಸರೂ ಹೇಳು," ಅಂದಳು.